ಬಾಗಿಲು ತೆರೆಸಿದವರು ಯಾತ್ರಿಕರು: ಪವಿತ್ರ ವರ್ಷದ ಏಳು ಶತಮಾನ

ಪವಿತ್ರ ವರ್ಷದ ಚರಿತ್ರೆಯನ್ನು ಪೋಪರ ಪಟ್ಟಿಯಾಗಿ ಬರೆದು ಮುಗಿಸುವುದು ಸುಲಭ. ಯಾರು ಸಾರಿದರು, ಯಾರು ಬಾಗಿಲು ತೆರೆದರು, ಯಾರು ಮುಚ್ಚಿದರು ಎಂಬುದಕ್ಕೆಲ್ಲ ಘೋಷಣಾಪತ್ರಗಳಿವೆ, ಪದಕಗಳಿವೆ, ಅಮೃತಶಿಲೆಯ ಫಲಕಗಳಿವೆ. ಆದರೆ ಆ ದಾಖಲೆಗಳನ್ನು ಸಾಲಾಗಿ ಇಟ್ಟು ಓದಿದರೆ ಒಂದು ವಿಷಯ ಎದ್ದು ಕಾಣುತ್ತದೆ. ಹೆಚ್ಚಿನ ಸಲ ಜನ ಮೊದಲು ಬಂದರು. ಪೋಪರು ಅವರ ಹಿಂದೆ ನಡೆದರು. ಬಂದವರಿಗೆ ನಿಯಮ ಬೇಕಾಯಿತು, ಬ್ರೆಡ್ಡು ಬೇಕಾಯಿತು, ದಾಟಲು ಸೇತುವೆ ಬೇಕಾಯಿತು, ಕಾಯಿಲೆ ಬಿದ್ದರೆ ಮಲಗಲು ಹಾಸಿಗೆ ಬೇಕಾಯಿತು. ಒಬ್ಬೊಬ್ಬ ಪೋಪರೂ ಬಿಟ್ಟುಹೋದ ಆಸ್ತಿಯಲ್ಲಿ ಈ ಸಾಮಾನ್ಯ ಅಗತ್ಯಗಳಿಗೆ ಕೊಟ್ಟ ಉತ್ತರದ ಪಾಲು ದೊಡ್ಡದು. 2025ರ ಜೂಬಿಲಿಯ, ಅಂದರೆ ಪವಿತ್ರ ವರ್ಷದ, ನೆನಪಿಗೆ ಹೊರಡುತ್ತಿರುವ ಈ ಸಂಚಿಕೆಯಲ್ಲಿ ಆ ಕಡೆಯಿಂದಲೇ ಕಥೆ ಹೇಳುವುದು ನ್ಯಾಯ.

1300: ಹಳೆಯ ಕಡತದಲ್ಲಿ ಇಲ್ಲದ ಹಬ್ಬ

1299ರ ಕ್ರಿಸ್ಮಸ್ಸಿನ ಹೊತ್ತಿಗೆ ರೋಮಿನಲ್ಲಿ ಒಂದು ಸುದ್ದಿ ಹಬ್ಬಿತು. ಶತಮಾನ ತಿರುಗುವ ವರ್ಷದಲ್ಲಿ ಸಂತ ಪೇತ್ರರ ಸಮಾಧಿಗೆ ಹೋದವರಿಗೆ ದೊಡ್ಡ ಕ್ಷಮಾಪಣೆ ಸಿಗುತ್ತದೆಯಂತೆ ಎಂಬ ಸುದ್ದಿ. ಯಾರು ಹೇಳಿದರೋ ಯಾರಿಗೂ ತಿಳಿಯದು. 1300ರ ಜನವರಿ 1ರ ಸಂಜೆ ಜನ ಮಹಾದೇವಾಲಯಕ್ಕೆ ನುಗ್ಗಿದರು. ಅಂದು ಪೋಪರಾಗಿದ್ದ ಎಂಟನೆಯ ಬೊನಿಫಾಸ್ ಧರ್ಮಸಭೆಯ ಕಾನೂನು ಅರೆದು ಕುಡಿದವರು. 1298ರಲ್ಲಿ ಆ ಕಾನೂನಿನ ಸಂಗ್ರಹಕ್ಕೆ ಹೊಸ ಸಂಪುಟವನ್ನೇ ಸೇರಿಸಿದವರು. ಅಂಥವರು ಮಾಡುವ ಕೆಲಸವನ್ನೇ ಅವರೂ ಮಾಡಿದರು: ಹಳೆಯ ಕಡತ ತೆಗೆಸಿದರು. ನೂರು ವರ್ಷದ ಹಿಂದೆ ಇಂಥದ್ದೊಂದು ನಡೆದಿತ್ತೆಂಬುದಕ್ಕೆ ಒಂದು ಚೀಟಿಯೂ ಸಿಗಲಿಲ್ಲ. ಸಿಕ್ಕಿದ್ದು ಒಬ್ಬ ಮುದುಕ. 107 ವರ್ಷದ ಆತ, ತಾನು ಏಳು ವರ್ಷದವನಿದ್ದಾಗ ತಂದೆ ರೋಮಿಗೆ ಬಂದಿದ್ದನೆಂದೂ ಮುಂದಿನ ನೂರನೆಯ ವರ್ಷ ಬದುಕಿದ್ದರೆ ತಪ್ಪದೆ ಹೋಗು ಎಂದು ಹೇಳಿದ್ದನೆಂದೂ ಪೋಪರ ಮುಂದೆ ನುಡಿದ. ಈ ಪ್ರಸಂಗವನ್ನು ಬರೆದಿಟ್ಟವರು ಆಗ ರೋಮಿನಲ್ಲೇ ಇದ್ದ ಕಾರ್ಡಿನಲ್ ಸ್ಟೆಫಾನೆಸ್ಕಿ.

ಕಾನೂನು ಪಂಡಿತರು ಮುದುಕನ ಮಾತನ್ನು ಸಾಕ್ಷ್ಯವೆಂದು ಒಪ್ಪಿದರೋ, ಕಟ್ಟಿ ನಿಲ್ಲಿಸಲಾಗದ ಜನಪ್ರವಾಹಕ್ಕೆ ದಾರಿ ಮಾಡಿಕೊಟ್ಟರೋ, ಅಂತೂ ಫೆಬ್ರವರಿ 22ರಂದು ಘೋಷಣಾಪತ್ರ ಹೊರಬಿತ್ತು. ಪಾಪ ನಿವೇದಿಸಿ ಪಶ್ಚಾತ್ತಾಪಪಟ್ಟು, ಪೇತ್ರರ ಮತ್ತು ಪೌಲರ ಮಹಾದೇವಾಲಯಗಳನ್ನು ರೋಮಿನವರು 30 ದಿನ, ಹೊರಗಿನವರು 15 ದಿನ ಸಂದರ್ಶಿಸಿದರೆ ಪೂರ್ಣ ದಂಡವಿಮೋಚನೆ. ಇನ್ನು ಮುಂದೆ ನೂರು ವರ್ಷಕ್ಕೊಮ್ಮೆ ಹೀಗೇ ನಡೆಯಲಿ, ಎಂದಿತ್ತು ಅದರ ಸಾರ. ಆಗ ಪೋಪರೊಡನೆ ಮನಸ್ತಾಪವಿದ್ದ ಕೊಲೊನ್ನಾ ಮನೆತನದವರನ್ನೂ ಇನ್ನು ಕೆಲವರನ್ನೂ ಈ ಅನುಗ್ರಹದಿಂದ ಹೊರಗಿಡಲಾಗಿತ್ತು. ಇಂದಿಗೆ ಅದು ಹಳೆಯ ಮಾತು.

ಜನ ಬಂದ ಬಗೆಯನ್ನು ಫ್ಲಾರೆನ್ಸಿನ ಜೊವಾನಿ ವಿಲ್ಲಾನಿ ಕಂಡು ಬರೆದಿದ್ದಾನೆ. ಯಾವ ದಿನ ನೋಡಿದರೂ ಊರಿನಲ್ಲಿ ಎರಡು ಲಕ್ಷ ಯಾತ್ರಿಕರಿದ್ದರು ಎನ್ನುತ್ತಾನೆ. ಮಧ್ಯಯುಗದ ಲೆಕ್ಕಕ್ಕೆ ಒಂದಿಷ್ಟು ವಟ್ಟ ಹಿಡಿದೇ ನಂಬಬೇಕು. ಆದರೆ ರೋಮಿನ ಹಳೆಯ ಅವಶೇಷಗಳ ನಡುವೆ ನಿಂತು ತನ್ನ ಊರಿನ ಚರಿತ್ರೆ ಬರೆಯುವ ಮನಸ್ಸು ಅವನಿಗೆ ಬಂದದ್ದು ಆ ಯಾತ್ರೆಯಲ್ಲೇ. ಆಸ್ತಿ ಪಟ್ಟಣದ ಗುಲ್ಯೆಲ್ಮೊ ವೆಂಚುರಾ ಹೆಚ್ಚು ವ್ಯವಹಾರಸ್ಥ. ಬ್ರೆಡ್ಡು, ವೈನು, ಮಾಂಸ, ಮೀನು ಅಗ್ಗವಾಗಿಯೇ ಸಿಕ್ಕವು. ಕುದುರೆಯ ಹುಲ್ಲು, ಛತ್ರದ ಬಾಡಿಗೆ ಮಾತ್ರ ಕೈಗೆಟುಕಲಿಲ್ಲ ಎಂದು ಗೊಣಗುತ್ತಾನೆ. ಸಂತ ಪೌಲರ ಪೀಠದ ಮುಂದೆ ಇಬ್ಬರು ಪಾದ್ರಿಗಳು ಹಗಲೂ ರಾತ್ರಿ ಕುಂಟೆ ಹಿಡಿದು ಕಾಣಿಕೆಯ ಹಣ ಎಳೆಯುತ್ತಿದ್ದರೆಂದು ಬರೆದವನೂ ಅವನೇ. ಪೋಪರ ಖಜಾನೆ ತುಂಬಿತೆಂದು ಆಡಿಕೊಳ್ಳುವವರಿಗೆ ಈ ಕುಂಟೆಯ ಚಿತ್ರ ಇಂದಿಗೂ ಪ್ರಿಯ. ಕಾರ್ಡಿನಲ್ ಸ್ಟೆಫಾನೆಸ್ಕಿ ಮಾತ್ರ ಅದರಲ್ಲಿ ಬಹುಪಾಲು ಬಡವರ ಚಿಲ್ಲರೆ ಕಾಸು ಎಂದು ಸ್ಪಷ್ಟಪಡಿಸಿದ್ದಾರೆ.

ಟೈಬರ್ ನದಿ ದಾಟಿ ಪೇತ್ರರ ದೇವಾಲಯಕ್ಕೆ ಹೋಗಲು ಇದ್ದ ಮುಖ್ಯ ಸೇತುವೆ ಸಾಂತ್ ಆಂಜೆಲೊ. ಹೋಗುವವರು ಒಂದು ಮಗ್ಗುಲು, ಬರುವವರು ಇನ್ನೊಂದು ಮಗ್ಗುಲು ಎಂದು ಅಲ್ಲಿ ಮಾಡಿದ ಏರ್ಪಾಡು ಡಾಂಟೆಯ ಕಾವ್ಯದ ನರಕಖಂಡದಲ್ಲಿ ಹೋಲಿಕೆಯಾಗಿ ಸೇರಿಹೋಯಿತು. ಅದೇ ಖಂಡದಲ್ಲಿ ಪೋಪ್ ಬೊನಿಫಾಸರಿಗೂ ಕವಿ ಒಂದು ಜಾಗ ಕಾದಿರಿಸಿದ್ದಾನೆ. ಅದು ಬೇರೆ ಜಗಳ. ಬೊನಿಫಾಸ್ ಫ್ರಾನ್ಸಿನ ರಾಜನೊಡನೆ ಸೆಣಸಿ, 1303ರಲ್ಲಿ ಅನಾನಿಯಲ್ಲಿ ಸೆರೆಸಿಕ್ಕು ಅವಮಾನಪಟ್ಟು, ತಿಂಗಳೊಪ್ಪತ್ತಿನಲ್ಲಿ ತೀರಿಕೊಂಡರು. ಆ ವರ್ಷವೇ ಅವರು ಸ್ಥಾಪಿಸಿದ ರೋಮ್ ವಿಶ್ವವಿದ್ಯಾಲಯವೂ ಅವರು ಸಾರಿದ ಪವಿತ್ರ ವರ್ಷವೂ ಉಳಿದವು.

1343–1423: ಅವಧಿ ಕುಗ್ಗಿದ ಕಾಲ

ನೂರು ವರ್ಷ ಕಾಯಲು ಯಾರಿಗೂ ತಾಳ್ಮೆ ಇರಲಿಲ್ಲ. ಕಾಯಬೇಕೆಂದರೂ ಆಯುಸ್ಸು ಎಲ್ಲಿಂದ ತರುವುದು? ಪೋಪರು ಆಗ ರೋಮಿನಲ್ಲೇ ಇರಲಿಲ್ಲ, ಫ್ರಾನ್ಸಿನ ಅವಿನ್ಯೋನಿನಲ್ಲಿದ್ದರು. ರೋಮಿನ ನಾಗರಿಕರು ಅಲ್ಲಿಗೆ ನಿಯೋಗ ಕಳಿಸಿ ಐವತ್ತು ವರ್ಷಕ್ಕೊಮ್ಮೆ ಜೂಬಿಲಿ ಮಾಡಿಸಿಕೊಡಿ ಎಂದು ಕೇಳಿಕೊಂಡರು. ಭಕ್ತಿಯ ಜೊತೆಗೆ ಬಿಕೋ ಎನ್ನುತ್ತಿದ್ದ ಊರಿನ ವ್ಯಾಪಾರದ ಚಿಂತೆಯೂ ಇತ್ತು. ಆರನೆಯ ಕ್ಲೆಮೆಂಟ್ 1343ರ ಜನವರಿ 27ರಂದು ಒಪ್ಪಿದರು. ಯಾಜಕಕಾಂಡದ 25ನೆಯ ಅಧ್ಯಾಯದಲ್ಲಿ ಐವತ್ತನೆಯ ವರ್ಷ ಅಡವಿಟ್ಟ ಭೂಮಿ ಮೂಲದವರಿಗೆ ಮರಳಬೇಕು, ಜೀತಕ್ಕಿದ್ದವರು ಬಿಡುಗಡೆಯಾಗಬೇಕು ಎಂದಿದೆಯಲ್ಲ, ಅದನ್ನೇ ಅವರು ಆಧಾರವಾಗಿ ಹಿಡಿದರು. ಸಂದರ್ಶಿಸುವ ದೇವಾಲಯಗಳಿಗೆ ಲ್ಯಾಟರನ್ ಸೇರಿತು.

ಪತ್ರ ಹೊರಟದ್ದಕ್ಕೂ 1350 ಬಂದದ್ದಕ್ಕೂ ನಡುವೆ 1348ರ ಮಹಾಮಾರಿ ಯುರೋಪನ್ನು ಗುಡಿಸಿಹಾಕಿತು. 1349ರಲ್ಲಿ ಭೂಕಂಪ ರೋಮಿನ ದೇವಾಲಯಗಳನ್ನೇ ಬಿರುಕುಗೊಳಿಸಿತು. ಆದರೂ ಜನ ಬಂದರು. ಮನೆಯವರನ್ನು ಮಣ್ಣುಮಾಡಿ ಉಳಿದವರ ಯಾತ್ರೆ ಅದು. ಅವರಿಗೆ ಕ್ಷಮೆ ಎಂಬುದು ಪಂಡಿತರ ಚರ್ಚೆಯ ವಿಷಯವಾಗಿರಲಿಲ್ಲ. ಕವಿ ಪೆಟ್ರಾರ್ಕ್ ದಾರಿಯಲ್ಲಿ ಕುದುರೆಯಿಂದ ಒದೆಸಿಕೊಂಡು ಕಾಲಿನ ಗಾಯದೊಂದಿಗೆ ಬಂದು ತಲುಪಿದ. ಸ್ವೀಡನ್ನಿನ ವಿಧವೆ ಬ್ರಿಜಿಟ್ ಜೂಬಿಲಿಗೆಂದು ಬಂದವರು 1373ರಲ್ಲಿ ಸಾಯುವ ತನಕ ರೋಮಿನಲ್ಲೇ ನೆಲೆಸಿ, ಪೋಪರು ಊರಿಗೆ ಮರಳಬೇಕೆಂದು ಪತ್ರದ ಮೇಲೆ ಪತ್ರ ಬರೆದರು. ಕ್ಲೆಮೆಂಟ್ ಮಾತ್ರ ತಾವೇ ಸಾರಿದ ಹಬ್ಬಕ್ಕೆ ಬರಲಿಲ್ಲ. ಅವರ ಪ್ರತಿನಿಧಿಯಾಗಿ ಬಂದ ಕಾರ್ಡಿನಲ್, ಜನಸಂದಣಿ ತಗ್ಗಿಸಲು ಉಳಿಯಬೇಕಾದ ದಿನಗಳನ್ನು ಕಡಿತ ಮಾಡಿದರು. ಛತ್ರದವರಿಗೆ ಇದು ಹಿಡಿಸಲಿಲ್ಲ. ಒಂದು ದಿನ ಬಾಣವೊಂದು ಹಾರಿಬಂದು ಕಾರ್ಡಿನಲರ ಟೋಪಿಗೆ ನಾಟಿತು.

ಆಮೇಲೆ ಐವತ್ತೂ ಹೆಚ್ಚೆನಿಸಿತು. ಯೇಸುವಿನ ಆಯುಸ್ಸಿನ ಲೆಕ್ಕ ಹಿಡಿದು ಆರನೆಯ ಅರ್ಬನ್ 33 ವರ್ಷಕ್ಕಿಳಿಸಿದರು. ಸಂತ ಮರಿಯ ಮಹಾದೇವಾಲಯ ನಾಲ್ಕನೆಯದಾಗಿ ಸೇರಿತು. ನಾಲ್ಕು ಮಹಾದೇವಾಲಯಗಳ ಸುತ್ತು ಇಂದಿಗೂ ಹಾಗೇ ಇದೆ. ಅವರು 1389ರಲ್ಲಿ ತೀರಿಕೊಂಡಿದ್ದರಿಂದ 1390ರ ಜೂಬಿಲಿಯನ್ನು ಒಂಬತ್ತನೆಯ ಬೊನಿಫಾಸ್ ನಡೆಸಿದರು. ಒಂದೇ ಹೊತ್ತಿಗೆ ಇಬ್ಬರು ಪೋಪರೆನಿಸಿಕೊಂಡಿದ್ದ ಆ ಇಕ್ಕಟ್ಟಿನ ವರ್ಷಗಳನ್ನು ಧರ್ಮಸಭೆ ಹೇಗೋ ದಾಟಿತು. ಆದರೆ ರೋಮಿಗೆ ಬರಲಾಗದವರಿಗೆ ಅವರವರ ಊರಿನಲ್ಲೇ, ಪ್ರಯಾಣದ ಖರ್ಚಿನಷ್ಟು ಕಾಣಿಕೆಗೆ, ದಂಡವಿಮೋಚನೆ ದೊರಕಿಸುವ ಪದ್ಧತಿ ಬೇರೂರಿದ್ದು ಆಗಲೇ. ಮುಂದೆ ಅದು ತಂದ ಕಷ್ಟ ಸಣ್ಣದಲ್ಲ.

1450–1500: ಸೇತುವೆ, ಆಸ್ಪತ್ರೆ, ಬಾಗಿಲು

ಐದನೆಯ ನಿಕೋಲಸ್ ಗ್ರಂಥಪ್ರೇಮಿ. ಇಬ್ಭಾಗದ ಕಹಿ ಕಳೆದು ಪೋಪರ ಪೀಠ ರೋಮಿನಲ್ಲಿ ಗಟ್ಟಿಯಾಗಿ ನೆಲೆಯೂರಿದ ಮೇಲೆ 1450ರ ಜೂಬಿಲಿ ಅವರ ಪಾಲಿಗೆ ಬಂತು. ವರ್ಷದ ಕೊನೆಯಲ್ಲಿ, ಡಿಸೆಂಬರ್ 19ರಂದು, ಪೇತ್ರರ ದೇವಾಲಯದಿಂದ ಹಿಂದಿರುಗುತ್ತಿದ್ದ ಜನ ಸಾಂತ್ ಆಂಜೆಲೊ ಸೇತುವೆಯ ಮೇಲೆ ಸಿಕ್ಕಿಕೊಂಡರು. ಎದುರಿನಿಂದ ಬಂದ ಹೇಸರಗತ್ತೆಯೊಂದು ಬೆದರಿತು. ಎರಡೂ ಕಡೆಯಿಂದ ತಳ್ಳಾಟ. ಇನ್ನೂರರ ಆಸುಪಾಸು ಜನ ತುಳಿತಕ್ಕೆ ಸಿಕ್ಕಿ, ನದಿಗೆ ಬಿದ್ದು ಸತ್ತರು. ನಿಕೋಲಸ್ ಸೇತುವೆಯ ಬಾಯಿಗೆ ಅಡ್ಡವಾಗಿದ್ದ ಅಂಗಡಿ ಮನೆಗಳನ್ನು ತೆಗೆಸಿ, ಸತ್ತವರ ಹೆಸರಿನಲ್ಲಿ ಎರಡು ಪುಟ್ಟ ಪ್ರಾರ್ಥನಾಲಯ ಕಟ್ಟಿಸಿದರು. ಆ ಹೇಸರಗತ್ತೆ ಕಾರ್ಡಿನಲ್ ಪಿಯೆತ್ರೊ ಬಾರ್ಬೊ ಅವರದೆಂದು ಅಂದಿನವರು ಬರೆದಿದ್ದಾರೆ. ಬಾರ್ಬೊ ಮುಂದೆ ಎರಡನೆಯ ಪೌಲ್ ಎಂಬ ಹೆಸರಿನಲ್ಲಿ ಪೋಪರಾದರು. ಜೂಬಿಲಿ 25 ವರ್ಷಕ್ಕೊಮ್ಮೆ ನಡೆಯಬೇಕೆಂದು 1470ರಲ್ಲಿ ನಿಗದಿ ಮಾಡಿದವರು ಅವರೇ. ಇಂದಿನ ತನಕ ನಡೆದುಬಂದಿರುವ ಅವಧಿ ಅದು. ಪ್ರತಿ ಪೀಳಿಗೆಗೂ ಒಂದು ಸಲವಾದರೂ ಸಿಗಲಿ ಎಂಬುದು ಅವರ ಉದ್ದೇಶ.

ತಾವು ಗೊತ್ತುಮಾಡಿದ ವರ್ಷವನ್ನು ನೋಡದೆ ಪೌಲ್ 1471ರಲ್ಲಿ ತೀರಿಕೊಂಡರು. 1475ರ ಜೂಬಿಲಿ ನಾಲ್ಕನೆಯ ಸಿಕ್ಸ್ಟಸರ ಕೈಗೆ ಬಂತು. ಇಡೀ ಪಟ್ಟಿಯಲ್ಲಿ ಯಾತ್ರಿಕನ ಕಷ್ಟವನ್ನು ಕಲ್ಲು ಗಾರೆಯಲ್ಲಿ ಬಗೆಹರಿಸಿದವರು ಯಾರು ಎಂದರೆ ನನ್ನ ಓಟು ಇವರಿಗೆ. ಬಡ ಮನೆಯಿಂದ ಬಂದ ಫ್ರಾನ್ಸಿಸ್ಕನ್ ಸನ್ಯಾಸಿ. ಸೋದರಳಿಯಂದಿರ ಮೇಲಿನ ಮಮತೆ ಸ್ವಲ್ಪ ಹೆಚ್ಚೇ ಇತ್ತೆನ್ನುವುದು ಬೇರೆ. ಒಂದೇ ಸೇತುವೆಯ ಮೇಲಿನ ಒತ್ತಡ ತಪ್ಪಿಸಲು ಟೈಬರ್ ನದಿಗೆ ಇನ್ನೊಂದು ಸೇತುವೆ ಹಾಕಿಸಿದರು. ಪೊಂತೆ ಸಿಸ್ತೊ ಎಂಬ ಅದು ಇಂದಿಗೂ ಇದೆ, ಜನ ನಡೆದಾಡುತ್ತಾರೆ. ಬೆಂಕಿಗೆ ಸಿಕ್ಕಿದ್ದ ಸಾಂತೊ ಸ್ಪಿರಿತೊ ಆಸ್ಪತ್ರೆಯನ್ನು ಹೊಸದಾಗಿ ಎತ್ತಿಸಿದರು. ದಾರಿಯಲ್ಲಿ ಜ್ವರ ಹತ್ತಿದ ಯಾತ್ರಿಕರಿಗೂ ಬೀದಿಯಲ್ಲಿ ಬಿಟ್ಟುಹೋದ ಕೂಸುಗಳಿಗೂ ಅಲ್ಲಿ ಜಾಗವಿತ್ತು. ವ್ಯಾಟಿಕನ್ ಗ್ರಂಥಾಲಯಕ್ಕೆ ಸ್ಥಾಪನೆಯ ಪತ್ರ ಸಿಕ್ಕಿದ್ದು ಅದೇ 1475ರ ಜೂನ್ 15ರಂದು. ಅವರ ಹೆಸರು ಹೊತ್ತ ಸಿಸ್ಟೀನ್ ಪ್ರಾರ್ಥನಾಲಯವನ್ನು ನೋಡಲು ಲೋಕವೇ ಹೋಗುತ್ತದೆ. ಸೇತುವೆಯ ಹೆಸರಿನಲ್ಲೂ ಅವರೇ ಇದ್ದಾರೆಂದು ದಾಟುವವರಲ್ಲಿ ಎಷ್ಟು ಮಂದಿಗೆ ಗೊತ್ತೋ.

ಇಂಥ ಕಾಮಗಾರಿಯ ಸಡಗರ ನಮಗೆ ಹೊಸದಲ್ಲ. ಮಹಾಮಸ್ತಕಾಭಿಷೇಕ ಹತ್ತಿರ ಬಂತೆಂದರೆ ಶ್ರವಣಬೆಳಗೊಳಕ್ಕೆ ರಸ್ತೆ, ನೀರು, ಉಪನಗರ ಎಲ್ಲವೂ ಬರುವುದನ್ನು ಕಂಡವರಿಗೆ ರೋಮಿನ ಈ 25 ವರ್ಷದ ತಾಳ ಕೂಡಲೇ ಅರ್ಥವಾಗುತ್ತದೆ.

1499ರ ಕ್ರಿಸ್ಮಸ್ ಹಿಂದಿನ ರಾತ್ರಿ ಆರನೆಯ ಅಲೆಕ್ಸಾಂಡರ್ ಪೇತ್ರರ ಮಹಾದೇವಾಲಯದ ಪವಿತ್ರ ದ್ವಾರವನ್ನು ತೆರೆದರು. ಉಳಿದ ಮೂರು ಕಡೆ ಅವರ ಪ್ರತಿನಿಧಿಗಳು ತೆರೆದರು. ಸುತ್ತಿಗೆಯಿಂದ ಗೋಡೆಗೆ ಬಡಿಯುವುದು, ಹೊಸ್ತಿಲು ದಾಟುವುದು, ವರ್ಷ ಮುಗಿದ ಮೇಲೆ ಇಟ್ಟಿಗೆ ಇಟ್ಟು ಮುಚ್ಚುವುದು ಎಂಬ ಶಾಸ್ತ್ರವನ್ನೆಲ್ಲ ಕ್ರಮವಾಗಿ ಹೊಂದಿಸಿದವರು ಅವರ ಸಮಾರಂಭಾಧಿಕಾರಿ ಯೋಹಾನ್ ಬುರ್ಖಾರ್ಡ್. ಅಲೆಕ್ಸಾಂಡರರ ಖಾಸಗಿ ಬದುಕಿನ ಬಗ್ಗೆ ಹೇಳುವವರು ಹೇಳಿದ್ದಾರೆ. ಅದಕ್ಕೆ ಈ ಸಂಚಿಕೆ ಜಾಗವಲ್ಲ. ಪವಿತ್ರ ವರ್ಷವೆಂದರೆ ಇಂದು ಯಾರಿಗಾದರೂ ಮೊದಲು ನೆನಪಾಗುವ ಆ ಬಾಗಿಲಿನ ವಿಧಿ ಅವರ ಕಾಲದ್ದು ಎಂಬುದನ್ನಂತೂ ತೆಗೆದುಹಾಕಲಾಗದು. 1500ರಲ್ಲಿ ಬಂದವರಲ್ಲಿ ಪೋಲೆಂಡಿನ ಕೊಪರ್ನಿಕಸ್ ಎಂಬ ಯುವಕನೂ ಇದ್ದ. ಆ ನವೆಂಬರಿನಲ್ಲಿ ಆತ ರೋಮಿನಿಂದ ಚಂದ್ರಗ್ರಹಣ ವೀಕ್ಷಿಸಿದ.

1525–1600: ಪೆಟ್ಟು, ಮತ್ತು ಪಾದ ತೊಳೆದವರು

ಹಿಂದೆ ಹೇಳಿದ ಕಷ್ಟ 1517ರಲ್ಲಿ ಬಂದು ಬಾಗಿಲು ತಟ್ಟಿತು. ಪೇತ್ರರ ಹೊಸ ಮಹಾದೇವಾಲಯದ ಕಟ್ಟಡಕ್ಕೆಂದು ಜರ್ಮನಿಯಲ್ಲಿ ದಂಡವಿಮೋಚನೆ ಹಂಚಿದ ಬಗೆಯನ್ನು ಮಾರ್ಟಿನ್ ಲೂಥರ್ ಪ್ರಶ್ನಿಸಿದರು. 1525ರಲ್ಲಿ ಏಳನೆಯ ಕ್ಲೆಮೆಂಟ್ ಬಾಗಿಲು ತೆರೆದಾಗ ಬಂದವರು ಕಡಿಮೆ. ಎರಡೇ ವರ್ಷಕ್ಕೆ, 1527ರಲ್ಲಿ, ಚಕ್ರವರ್ತಿಯ ಸೈನಿಕರು ರೋಮನ್ನು ಸೂರೆಮಾಡಿದರು. ಮುಂದೆ ಟ್ರೆಂಟ್ ಸಭೆ ಹಣಕ್ಕೆ ದಂಡವಿಮೋಚನೆ ಕೊಡುವುದನ್ನು ನಿಲ್ಲಿಸಿತು. ಪವಿತ್ರ ವರ್ಷವೂ ಅಲ್ಲಿಗೆ ನಿಂತುಹೋಗಬಹುದಿತ್ತು.

ನಿಲ್ಲದಂತೆ ನೋಡಿಕೊಂಡವರು ಪೋಪರಲ್ಲ. ಇನ್ನೂ ಗುರುದೀಕ್ಷೆಯೂ ಆಗಿರದ ಫಿಲಿಪ್ ನೇರಿ ಎಂಬ ಫ್ಲಾರೆನ್ಸಿನ ತಮಾಷೆಯ ಮನುಷ್ಯ. 1548ರಲ್ಲಿ ತಮ್ಮ ಆತ್ಮಗುರು ಪೆರ್ಸಿಯಾನೊ ರೋಸಾ ಜೊತೆ ಸೇರಿ ಪವಿತ್ರ ತ್ರಿತ್ವದ ಹೆಸರಿನಲ್ಲಿ ಒಂದು ಸಂಘ ಕಟ್ಟಿದರು. 1550ರಲ್ಲಿ ಮೂರನೆಯ ಜೂಲಿಯಸ್ ಪೋಪರಾಗಿ ಆಯ್ಕೆಯಾಗುವುದೇ ತಡವಾಗಿ, ಫೆಬ್ರವರಿ ಮುಗಿಯುವ ಹೊತ್ತಿಗೆ ಬಾಗಿಲು ತೆರೆಯಿತು. ಅಷ್ಟರಲ್ಲಿ ಬಂದು ಬೀದಿಯಲ್ಲಿ ನಿಂತಿದ್ದ ಬಡ ಯಾತ್ರಿಕರನ್ನು ಈ ಸಂಘದವರು ಕರೆದು ಉಣ್ಣಿಸಿ ಮಲಗಿಸಿದರು. ದೂರದಿಂದ ನಡೆದು ಬಂದವನಿಗೆ ಮೂರು ದಿನ ಊಟ, ಹಾಸಿಗೆ ಉಚಿತ. ಒಳಗೆ ಬಂದ ಕೂಡಲೇ ಪಾದ ತೊಳೆಯುವುದು. ಯಾತ್ರೆಯಿಲ್ಲದ ವರ್ಷಗಳಲ್ಲಿ ಆಸ್ಪತ್ರೆಯಿಂದ ಬಿಡುಗಡೆಯಾಗಿ ಇನ್ನೂ ಕೆಲಸಕ್ಕೆ ಹೋಗಲಾಗದ ನಿತ್ರಾಣಿಗಳಿಗೆ ಅದೇ ಹಾಸಿಗೆ. ಆ ಕಾಲದ ಆಸ್ಪತ್ರೆಗಳಿಂದ ಹೊರಬಿದ್ದ ಬಡವ ಮತ್ತೆ ಬೀದಿಗೇ ಬೀಳುತ್ತಿದ್ದ. ಅವನ ಬಗ್ಗೆ ಯೋಚಿಸಿದವರು ಅಪರೂಪ.

1575ರಲ್ಲಿ ಹದಿಮೂರನೆಯ ಗ್ರೆಗರಿ ಈ ಕೆಲಸಕ್ಕೆ ಆಡಳಿತದ ಬೆನ್ನು ಕೊಟ್ಟರು. ಏಳು ವರ್ಷದ ನಂತರ ಪಂಚಾಂಗ ತಿದ್ದಿದವರು ಇವರೇ. ನಮ್ಮ ಗೋಡೆಯ ಕ್ಯಾಲೆಂಡರು ಇಂದಿಗೂ ಅವರ ಹೆಸರಿನದು. ಡಯೊಕ್ಲೀಶಿಯನ್ ಚಕ್ರವರ್ತಿಯ ಪಾಳುಬಿದ್ದ ಸ್ನಾನಗೃಹಗಳಲ್ಲಿ ಧಾನ್ಯದ ಕಣಜ ಮಾಡಿಸಿದರು. ಲ್ಯಾಟರನ್ನಿನಿಂದ ಮರಿಯ ಮಹಾದೇವಾಲಯಕ್ಕೆ ನೇರ ರಸ್ತೆ ಎಳೆಸಿದರು. ತ್ರಿತ್ವ ಸಂಘದ ಮನೆಯಲ್ಲಿ ಆ ವರ್ಷ ಲಕ್ಷಕ್ಕೂ ಹೆಚ್ಚು ಜನ ಉಂಡರು. ಎಂಟನೆಯ ಕ್ಲೆಮೆಂಟ್ 1600ರಲ್ಲಿ ಅಲ್ಲಿಗೆ ತಾವೇ ಬಂದು ಯಾತ್ರಿಕರ ಪಾದ ತೊಳೆದರು, ಸಾಮಾನ್ಯ ಗುರುಗಳಂತೆ ಕುಳಿತು ಪಾಪನಿವೇದನೆ ಕೇಳಿದರು. ಅದೇ ವರ್ಷ ಫೆಬ್ರವರಿ 17ರಂದು, ಆ ಛತ್ರದಿಂದ ಕೂಗಳತೆಯ ಕಾಂಪೊ ದೇ ಫಿಯೋರಿ ಚೌಕದಲ್ಲಿ ಜೊರ್ಡಾನೊ ಬ್ರೂನೊ ಎಂಬ ತತ್ತ್ವಜ್ಞಾನಿಯನ್ನು ಸುಡಲಾಯಿತು. ಸ್ಮರಣ ಸಂಚಿಕೆಗಳು ಇಂಥದ್ದನ್ನು ಬಿಟ್ಟುಬಿಡುವುದು ರೂಢಿ. 2000ದ ಜೂಬಿಲಿಯಲ್ಲಿ ವ್ಯಾಟಿಕನ್ನಿನ ರಾಜ್ಯಕಾರ್ಯದರ್ಶಿಗಳೇ ಈ ಬಗ್ಗೆ ವಿಷಾದ ವ್ಯಕ್ತಪಡಿಸಿರುವಾಗ ನಾವು ಮುಚ್ಚಿಡಬೇಕಾದ್ದೇನಿದೆ?

1625–1775: ಚೌಕಗಳ ಕಾಲ

ಹದಿನೇಳನೆಯ ಶತಮಾನದಲ್ಲಿ ಹಬ್ಬ ನಿಯಮಿತವಾಯಿತು, ಕಟ್ಟಡಗಳು ಭವ್ಯವಾದವು. 1675ರಲ್ಲಿ ಬಂದವರನ್ನು ಪೇತ್ರರ ದೇವಾಲಯದ ಮುಂದೆ ಶಿಲ್ಪಿ ಬೆರ್ನಿನಿ ಕಟ್ಟಿದ ಕಂಬಸಾಲುಗಳ ಚೌಕ ಎದುರುಗೊಂಡಿತು. ತುಳಿತದ ಕಹಿ ನೆನಪಿನ ಸಾಂತ್ ಆಂಜೆಲೊ ಸೇತುವೆಯ ಮೇಲೆ ಆ ಹೊತ್ತಿಗೆ ಅವನ ಶಿಷ್ಯರು ಕೆತ್ತಿದ ದೇವದೂತರು ನಿಂತಿದ್ದರು. 1700ರ ವರ್ಷ ಹನ್ನೆರಡನೆಯ ಇನೊಸೆಂಟರ ಕಾಲದಲ್ಲಿ ಶುರುವಾಗಿ, ಅವರು ತೀರಿಕೊಂಡಿದ್ದರಿಂದ ಹನ್ನೊಂದನೆಯ ಕ್ಲೆಮೆಂಟರ ಕಾಲದಲ್ಲಿ ಮುಗಿಯಿತು.

1725ರ ಜೂಬಿಲಿ ನಡೆಸಿದ ಹದಿಮೂರನೆಯ ಬೆನೆಡಿಕ್ಟರಿಗೆ ಆಡಳಿತ ಒಗ್ಗಲಿಲ್ಲವೆಂಬುದು ಎಲ್ಲರೂ ಒಪ್ಪುವ ಮಾತು. ಆದರೆ ಚರ್ಮರೋಗಿಗಳಿಗೆಂದೇ ಸಾನ್ ಗಾಲ್ಲಿಕಾನೊ ಆಸ್ಪತ್ರೆ ಕಟ್ಟಿಸಿದ್ದು ಅವರೇ. ಬೇರೆ ಆಸ್ಪತ್ರೆಗಳು ಒಳಗೆ ಸೇರಿಸದ ಕಜ್ಜಿ, ತಲೆಹುಣ್ಣಿನ ಬಡವರಿಗೆ ಅಲ್ಲಿ ಹಾಸಿಗೆ ಸಿಕ್ಕಿತು. 1750ರಲ್ಲಿ ಹದಿನಾಲ್ಕನೆಯ ಬೆನೆಡಿಕ್ಟ್, ಪಂಡಿತರೂ ನಗೆಗಾರರೂ ಆದ ಪೋಪರು, ಕೊಲೊಸಿಯಮ್ಮಿನೊಳಗೆ ಶಿಲುಬೆಯ ಹಾದಿಗೆ ಅವಕಾಶ ಮಾಡಿಕೊಟ್ಟರು. ಅಲ್ಲಿಯತನಕ ಆ ಮಹಾಕಟ್ಟಡದ ಕಲ್ಲು ಕಿತ್ತು ಮನೆ ಕಟ್ಟಿಕೊಳ್ಳುವವರಿಗೆ ಕೊನೆಯಿರಲಿಲ್ಲ. ಪುಣ್ಯಭೂಮಿಯಾದ ಮೇಲೆ ಕೈಹಾಕಲು ಜನ ಹಿಂಜರಿದರು.

1800–1900: ಬಾಗಿಲು ಮುಚ್ಚಿದ ಶತಮಾನ

ಆರನೆಯ ಪಯಸ್ 1799ರ ಆಗಸ್ಟ್ 29ರಂದು ಫ್ರೆಂಚರ ಸೆರೆಯಾಳಾಗಿ ವಲಾನ್ಸ್ ಪಟ್ಟಣದಲ್ಲಿ ತೀರಿಕೊಂಡರು. ಮುಂದಿನ ಪೋಪರ ಆಯ್ಕೆ ವೆನಿಸ್ಸಿನಲ್ಲಿ ನಡೆಯಿತು. 1800ರಲ್ಲಿ ಪವಿತ್ರ ವರ್ಷ ನಡೆಯಲಿಲ್ಲ. ಹನ್ನೆರಡನೆಯ ಲಿಯೊ 1825ರಲ್ಲಿ ಹಠ ಹಿಡಿದು ನಡೆಸಿದರು. ಎರಡು ವರ್ಷದ ಹಿಂದೆ ಸಂತ ಪೌಲರ ಮಹಾದೇವಾಲಯ ಸುಟ್ಟುಹೋಗಿದ್ದರಿಂದ ಅದರ ಬದಲು ತ್ರಾಸ್ತೆವೆರೆಯ ಮರಿಯ ದೇವಾಲಯ ಗೊತ್ತಾಯಿತು. 1850ರ ಹೊತ್ತಿಗೆ ಒಂಬತ್ತನೆಯ ಪಯಸ್ ದಂಗೆಗೆ ಸಿಕ್ಕಿ ಊರು ಬಿಟ್ಟು, ಏಪ್ರಿಲಿನಲ್ಲಷ್ಟೇ ಹಿಂದಿರುಗಿದ್ದರು, ಹಬ್ಬವಿಲ್ಲ. 1870ರಲ್ಲಿ ಇಟಲಿಯ ಸೇನೆ ರೋಮನ್ನು ಹಿಡಿಯಿತು. ಹಾಗಾಗಿ 1875ರಲ್ಲಿ ಜೂಬಿಲಿ ಕಾಗದದ ಮೇಲೆ ಸಾರಿದ್ದಷ್ಟೇ, ಬಾಗಿಲು ತೆರೆಯಲಿಲ್ಲ.

1825ರ ಜೂಬಿಲಿ ನೋಡಿದ್ದ ಶಾಲಾ ಹುಡುಗನೊಬ್ಬನ ಹೆಸರು ವಿನ್ಚೆನ್ಸೊ ಪೆಚ್ಚಿ. ಸಹಪಾಠಿಗಳ ಗುಂಪಿನ ಮುಂದಾಳಾಗಿ ಪೋಪರ ದರ್ಶನಕ್ಕೂ ಹೋಗಿದ್ದ. ಎಪ್ಪತ್ತೈದು ವರ್ಷದ ಮೇಲೆ ಆ ಹುಡುಗನೇ ಹದಿಮೂರನೆಯ ಲಿಯೊ ಆಗಿ, ತೊಂಬತ್ತನೆಯ ವಯಸ್ಸಿನ ಹೊಸ್ತಿಲಲ್ಲಿ, 1899ರ ಕ್ರಿಸ್ಮಸ್ ಹಿಂದಿನ ದಿನ ಪವಿತ್ರ ದ್ವಾರ ತೆರೆದರು. ನಡುವೆ ವಿಧಿವತ್ತಾಗಿ ಬಾಗಿಲು ತೆರೆದದ್ದನ್ನು ಯಾರೂ ಕಂಡಿರಲಿಲ್ಲ. ರಾಜ್ಯ ಕಳೆದುಕೊಂಡ ಪೀಠಕ್ಕೆ ಲಿಯೊ ಬೇರೊಂದು ಬಗೆಯ ದನಿ ಕೊಟ್ಟರು. ಕಾರ್ಮಿಕರ ಕೂಲಿ, ಸಂಘ ಕಟ್ಟುವ ಹಕ್ಕುಗಳ ಬಗ್ಗೆ 1891ರಲ್ಲಿ ಬಂದ ಅವರ ಪತ್ರ ಇಂದಿಗೂ ಚರ್ಚೆಯಲ್ಲಿದೆ. ಕರ್ನಾಟಕದ ಕ್ರೈಸ್ತರು ಅವರನ್ನು ನೆನೆಯಲು ಇನ್ನೊಂದು ಕಾರಣವುಂಟು. ಭಾರತದ ಧರ್ಮಸಭೆಗೆ ಸ್ಥಿರವಾದ ಆಡಳಿತ ವ್ಯವಸ್ಥೆ ಕೊಟ್ಟ 1886ರ ಸೆಪ್ಟೆಂಬರ್ 1ರ ಅವರ ಪತ್ರದಿಂದಲೇ ಮೈಸೂರು ಮತ್ತು ಮಂಗಳೂರು ಧರ್ಮಪ್ರಾಂತ್ಯಗಳಾದವು.

1925–1975: ಲೋಕ ರೋಮಿಗೆ ಬಂದದ್ದು

1925ರಲ್ಲಿ ಹನ್ನೊಂದನೆಯ ಪಯಸ್ ವ್ಯಾಟಿಕನ್ನಿನ ತೋಟಗಳಲ್ಲಿ ಮಿಶನ್ ಪ್ರದರ್ಶನ ನಡೆಸಿದರು. ಏಷ್ಯಾ, ಆಫ್ರಿಕಾ, ಅಮೆರಿಕ, ಓಷಿಯಾನಿಯಾಗಳಿಂದ ಬಂದ ವಸ್ತುಗಳು ಒಂದು ಲಕ್ಷ. ಅದರ ದೊಡ್ಡ ಪಾಲು ಮುಂದೆ ವಸ್ತುಸಂಗ್ರಹಾಲಯವಾಗಿ ಉಳಿಯಿತು. ಕೆಲವು ವಸ್ತುಗಳು ಮೂಲದವರ ಕೈಗೆ ಮರಳಬೇಕೆಂಬ ಮಾತು ಇತ್ತೀಚೆಗೆ ಕೇಳಿಬಂದಿದೆ. 2025ರ ಕೊನೆಗೆ ಕೆನಡಾದ ಮೂಲನಿವಾಸಿಗಳಿಗೆ ಸೇರಿದ ಕೆಲವು ಮರಳಿಯೂ ಇವೆ. ಯಾಜಕಕಾಂಡದ ಜೂಬಿಲಿ ಹೇಳುವುದೂ ಇದನ್ನೇ ಅಲ್ಲವೇ.

1929ರ ಲ್ಯಾಟರನ್ ಒಪ್ಪಂದದಿಂದ ಇಟಲಿಯೊಡನೆ ಇದ್ದ ಬಿಗುವು ಸಡಿಲಿತು. ಅದರ ಗುರುತಾಗಿ ನದಿಯಿಂದ ಪೇತ್ರರ ಚೌಕಕ್ಕೆ ಅಗಲವಾದ ಹೊಸ ಬೀದಿ ಬಂತು; ಅದಕ್ಕಾಗಿ 1936ರಿಂದ ಒಂದು ಹಳೆಯ ಕೇರಿಯನ್ನೇ ಕೆಡವಲಾಯಿತು. ಇಕ್ಕಟ್ಟಿನ ಓಣಿಯಿಂದ ಹೊರಬಂದು ತಟ್ಟನೆ ಬೆರ್ನಿನಿಯ ಚೌಕ ಕಾಣುವ ಸೊಗಸು ಹೋಯಿತೆಂದು ಕಟ್ಟಡ ಬಲ್ಲವರು ಇಂದಿಗೂ ಮರುಗುತ್ತಾರೆ. 1950ರ ಪವಿತ್ರ ವರ್ಷಕ್ಕೆ ಬೀದಿ ಪೂರ್ಣವಾಯಿತು. ಯುದ್ಧದ ಗಾಯ ಆರದ ಯುರೋಪಿನಿಂದ ಲಕ್ಷ ಲಕ್ಷ ಜನ ಬಂದರು. ಹನ್ನೆರಡನೆಯ ಪಯಸ್ ನವೆಂಬರ್ 1ರಂದು ಮರಿಯಮ್ಮನವರ ಸ್ವರ್ಗಾರೋಹಣವನ್ನು ವಿಶ್ವಾಸದ ಸತ್ಯವೆಂದು ಸಾರಿದರು.

1974ರ ಕ್ರಿಸ್ಮಸ್ ಹಿಂದಿನ ರಾತ್ರಿ ಆರನೆಯ ಪೌಲ್ ಸುತ್ತಿಗೆ ಬಡಿದಾಗ ಮೇಲಿನಿಂದ ಗಾರೆಯ ಚೂರುಗಳು ಅವರ ಪಕ್ಕಕ್ಕೇ ಉದುರಿದವು. ಟಿವಿಯಲ್ಲಿ ಲೋಕವೆಲ್ಲ ನೋಡಿತು. ಆ ಬಳಿಕ ಗೋಡೆಯನ್ನು ಮೊದಲೇ ಒಳಗಿನಿಂದ ಬಿಚ್ಚಿಟ್ಟು, ಕಂಚಿನ ಕದವನ್ನು ಕೈಯಿಂದ ನೂಕುವ ಕ್ರಮ ಕ್ರಮೇಣ ನೆಲೆಗೊಂಡಿತು. ಆ ವರ್ಷ ಮುಗಿಯುವ ಮುನ್ನ, 1975ರ ಡಿಸೆಂಬರ್ 14ರಂದು, ಅವರು ಆರ್ಥೊಡಾಕ್ಸ್ ಸಭೆಯ ಪ್ರತಿನಿಧಿ ಮೆಲಿಟನ್ ಅವರ ಮುಂದೆ ಮಂಡಿಯೂರಿ ಪಾದಕ್ಕೆ ಮುತ್ತಿಟ್ಟರು. ಒಂಬತ್ತು ಶತಮಾನಗಳ ಬೇರ್ಪಡೆಯ ನಂತರ ಹೀಗಾದೀತೆಂದು ಮೆಲಿಟನ್ನರೇ ಎಣಿಸಿರಲಿಲ್ಲ.

1983–2026: ಬಾಗಿಲು ಊರೂರಿಗೆ

ಎರಡನೆಯ ಜಾನ್ ಪಾಲ್ 1983ರಲ್ಲಿ ವಿಶೇಷ ಪವಿತ್ರ ವರ್ಷ ಸಾರಿದರು. ಆ ಡಿಸೆಂಬರ್ 27ರಂದು ರೆಬಿಬ್ಬಿಯಾ ಸೆರೆಮನೆಗೆ ಹೋಗಿ, ಎರಡು ವರ್ಷದ ಹಿಂದೆ ತಮ್ಮ ಮೇಲೆ ಗುಂಡು ಹಾರಿಸಿದ್ದ ಮೆಹ್ಮೆತ್ ಅಲಿ ಅಜ್ಜಾನ ಪಕ್ಕದಲ್ಲಿ ಕುಳಿತು ಮಾತಾಡಿದರು. ಯಾತ್ರಿಕರು ರೋಮಿಗೆ ಬರಲಿ ಎಂದು ಕಾಯುವ ಜಾಯಮಾನ ಅವರದಲ್ಲ. 1986ರ ಫೆಬ್ರವರಿ 6ರಂದು ಮಂಗಳೂರಿಗೂ ಬಂದುಹೋದರು. 2000ದ ಮಹಾಜೂಬಿಲಿಗೆ ಅವರು ಆರು ವರ್ಷ ಮುಂಚಿನಿಂದ ಸಿದ್ಧತೆ ನಡೆಸಿದರು. ಸಂತ ಪೌಲರ ದೇವಾಲಯದ ದ್ವಾರವನ್ನು ಆಂಗ್ಲಿಕನ್ ಆರ್ಚ್‌ಬಿಷಪ್ ಜಾರ್ಜ್ ಕ್ಯಾರಿ ಮತ್ತು ಆರ್ಥೊಡಾಕ್ಸ್ ಪ್ರತಿನಿಧಿಯ ಜೊತೆ ಸೇರಿ ತೆರೆದರು. ಮಾರ್ಚ್ 12ರಂದು ಧರ್ಮಸಭೆಯ ಮಕ್ಕಳು ಶತಮಾನಗಳಲ್ಲಿ ಎಸಗಿದ ತಪ್ಪುಗಳಿಗೆ ದೇವರಲ್ಲಿ ಕ್ಷಮೆ ಬೇಡಿ ಬಹಿರಂಗ ಪ್ರಾರ್ಥನೆ ಮಾಡಿದರು. ಏಳುನೂರು ವರ್ಷ ಜನರ ಪಾಪಕ್ಕೆ ಕ್ಷಮೆ ಹಂಚಿದ ವೇದಿಕೆಯಿಂದ ಧರ್ಮಸಭೆಯೇ ಕೈಜೋಡಿಸಿದ್ದು ಸಣ್ಣ ತಿರುವಲ್ಲ. ಒಳಗೆ ಕೆಲವರಿಗೆ ಅದು ಪಥ್ಯವಾಗಲಿಲ್ಲವೆಂಬುದೂ ನಿಜ. ಬಡದೇಶಗಳ ಸಾಲ ಮನ್ನಾ ಆಗಲಿ ಎಂಬ ಚಳವಳಿಗೂ ಅದೇ ಜೂಬಿಲಿ ಹೆಸರು ಕೊಟ್ಟಿತು.

ಪೋಪ್ ಫ್ರಾನ್ಸಿಸ್ 2015ರಲ್ಲಿ ಕರುಣೆಯ ವರ್ಷ ಸಾರಿ, ಮೊದಲ ಪವಿತ್ರ ದ್ವಾರವನ್ನು ತೆರೆದದ್ದು ರೋಮಿನಲ್ಲಿ ಅಲ್ಲ. ಒಳಯುದ್ಧದಲ್ಲಿ ಬೇಯುತ್ತಿದ್ದ ಮಧ್ಯ ಆಫ್ರಿಕ ಗಣರಾಜ್ಯದ ಬಾಂಗಿ ಪ್ರಧಾನಾಲಯದಲ್ಲಿ, ನವೆಂಬರ್ 29ರಂದು. ಪ್ರತಿ ಧರ್ಮಪ್ರಾಂತ್ಯದಲ್ಲೂ ಒಂದು ದ್ವಾರ ತೆರೆಯಲಿ ಎಂದರು. ರೋಮಿಗೆ ಹೋಗುವ ಟಿಕೆಟ್ಟಿನ ಲೆಕ್ಕ ಹಾಕಲಾಗದ ನಮ್ಮ ಊರುಗಳ ವಿಶ್ವಾಸಿಗಳಿಗೆ ಪವಿತ್ರ ದ್ವಾರ ಬಸ್ಸಿನಲ್ಲಿ ಹೋಗಿಬರುವ ದೂರಕ್ಕೆ ಬಂತು. ಒಂಬತ್ತನೆಯ ಬೊನಿಫಾಸರ ಕಾಲದಲ್ಲೂ ಊರಿನಲ್ಲೇ ದಂಡವಿಮೋಚನೆ ಸಿಗುತ್ತಿತ್ತು, ಕಾಣಿಕೆ ಕೊಟ್ಟರೆ. ಈ ಸಲ ಕಾಣಿಕೆಯ ಜಾಗದಲ್ಲಿ ಹಸಿದವರಿಗೆ ಉಣಬಡಿಸುವುದು, ರೋಗಿಗಳನ್ನು, ಸೆರೆಯಾಳುಗಳನ್ನು ಕಾಣುವುದು ಇದ್ದವು.

2024ರ ಡಿಸೆಂಬರ್ 24ರ ರಾತ್ರಿ ಫ್ರಾನ್ಸಿಸ್ ಗಾಲಿಕುರ್ಚಿಯಲ್ಲೇ ಪೇತ್ರರ ದ್ವಾರ ದಾಟಿ 2025ರ ವರ್ಷವನ್ನು ಆರಂಭಿಸಿದರು. ಎರಡು ದಿನದ ನಂತರ ರೆಬಿಬ್ಬಿಯಾ ಸೆರೆಮನೆಯಲ್ಲಿ ಇನ್ನೊಂದು ದ್ವಾರ ತೆರೆದರು. ‘ಭರವಸೆಯ ಯಾತ್ರಿಕರು’ ಎಂಬುದು ಆ ವರ್ಷದ ಘೋಷವಾಕ್ಯ. ರೋಮ್ ನಗರಾಡಳಿತವೂ ಹಳೆಯ ಪದ್ಧತಿ ಮರೆಯಲಿಲ್ಲ. ಸಾಂತ್ ಆಂಜೆಲೊ ಕೋಟೆಯ ಬಳಿ ವಾಹನಗಳನ್ನೆಲ್ಲ ನೆಲದಡಿಯ ಸುರಂಗಕ್ಕೆ ಇಳಿಸಿ, ನದಿಯ ದಂಡೆಯಿಂದ ಪೇತ್ರರ ಚೌಕದವರೆಗೂ ಜನ ನಡೆದೇ ಹೋಗುವಂತೆ ಮಾಡಿತು. ಬಾಗಿಲು ತೆರೆಯಲು ಒಂದು ದಿನ ಉಳಿದಿದ್ದಾಗ ಅದರ ಉದ್ಘಾಟನೆ. 1450ರಲ್ಲಿ ಜನ ಸಿಕ್ಕಿಕೊಂಡ ಸೇತುವೆ ಅಲ್ಲಿಂದ ಕೆಲವೇ ಹೆಜ್ಜೆ.

ಫ್ರಾನ್ಸಿಸ್ 2025ರ ಏಪ್ರಿಲ್ 21ರಂದು, ಈಸ್ಟರಿನ ಮಾರನೆಯ ದಿನ, ತೀರಿಕೊಂಡರು. ಮೇ 8ರಂದು ಆಯ್ಕೆಯಾದ ಹದಿನಾಲ್ಕನೆಯ ಲಿಯೊ, ಕಾರ್ಮಿಕರ ಪರ ಬರೆದ ಹದಿಮೂರನೆಯವರನ್ನು ನೆನೆದೇ ಆ ಹೆಸರು ಇಟ್ಟುಕೊಂಡವರು. ಆಗಸ್ಟಿನಲ್ಲಿ ತೋರ್ ವೆರ್ಗಾತಾ ಮೈದಾನದಲ್ಲಿ ಹತ್ತು ಲಕ್ಷದಷ್ಟು ಯುವಜನರ ನಡುವೆ ರಾತ್ರಿಯ ಪ್ರಾರ್ಥನೆ ನಡೆಸಿದರು. ಸೆಪ್ಟೆಂಬರ್ 7ರಂದು ಕಾರ್ಲೊ ಅಕುತಿಸ್ ಮತ್ತು ಪಿಯೆರ್ ಜೊರ್ಜೊ ಫ್ರಸ್ಸಾತಿ ಎಂಬ ಇಬ್ಬರು ಯುವಕರನ್ನು ಸಂತರೆಂದು ಸಾರಿದರು. 2026ರ ಜನವರಿ 6ರಂದು ಅವರೇ ಕದ ಮುಚ್ಚಿದರು. ಒಬ್ಬ ಪೋಪರ ಕಾಲದಲ್ಲಿ ತೆರೆದ ಬಾಗಿಲನ್ನು ಇನ್ನೊಬ್ಬರು ಮುಚ್ಚಿದ್ದು 1700ರ ನಂತರ ಇದೇ ಮೊದಲು. ಆ ವರ್ಷ ಬಂದವರು ಮೂರು ಕೋಟಿಗೂ ಹೆಚ್ಚೆಂದು ವ್ಯಾಟಿಕನ್ನಿನ ಲೆಕ್ಕ. ಯೇಸುವಿನ ಮರಣ, ಪುನರುತ್ಥಾನದ ಎರಡು ಸಾವಿರದ ವರ್ಷವಾದ 2033ಕ್ಕೆ ಜೂಬಿಲಿಯ ಮಾತು ಆಗಲೇ ಶುರುವಾಗಿದೆ.